ಬಾಚಿ ಮುಗಿಯುವವರೆಗೆ

ಮೊದಲೇ ಹೇಳಿಬಿಡುತ್ತೇನೆ, ಆ ಜೇಡದ ಮೇಲೆ ನನಗೆ ಯಾವ ಸಿಟ್ಟೂ ಇಲ್ಲ. ಅದು ತನ್ನ ಪಾಡಿಗೆ ತಾನು ಕಲ್ಲುಸಂದಿಯಲ್ಲಿ ಬದುಕುವ ಪ್ರಾಣಿ. ನನ್ನ ಸಿಟ್ಟೇನಿದ್ದರೂ ಮನುಷ್ಯರ ಮೇಲೆ. ಅವರಲ್ಲಿ ಮುಕ್ಕಾಲು ಪಾಲು ಜನ ಮಣ್ಣು ಸೇರಿಯಾಯಿತು, ಆದರೂ ಸಿಟ್ಟು ಇಳಿದಿಲ್ಲ. ಸತ್ತವರನ್ನು ಬೈಯಬಾರದು ಎನ್ನುತ್ತಾರೆ. ಯಾಕೆ ಬೈಯಬಾರದು? ಬದುಕಿದ್ದಾಗ ಬೈದದ್ದನ್ನು ಕೇಳಿಸಿಕೊಂಡರೇನು?

ನಮ್ಮದು ಒಂಗಾ ನದಿಯ ಆಚೆ ದಂಡೆಯ ಗುಡ್ಡದಲ್ಲಿ ಕೊರೆದ ಸಣ್ಣ ಕಲ್ಲಿದ್ದಲು ಗಣಿ. ದೊಡ್ಡ ಗಣಿಗಳಿಗೆ ಹಳಿ, ಕುದುರೆ, ಉಗಿಯಂತ್ರ ಎಲ್ಲ ಬಂದಿದ್ದ ಕಾಲ. ನಮ್ಮದನ್ನು ಜನ ‘ತನುಕಿ ಬಿಲ’ ಎಂದು ಹೀಯಾಳಿಸುತ್ತಿದ್ದರು. ನರಿಯಂಥ ಆ ಪ್ರಾಣಿ ತನ್ನ ಮೈ ತೂರುವಷ್ಟೇ ತೋಡುತ್ತದಲ್ಲ, ಹಾಗೆ. ಗಂಡ ಮುಂದೆ ಮಗ್ಗುಲಾಗಿ ಮಲಗಿ ಪಿಕಾಸಿಯಿಂದ ಕಲ್ಲಿದ್ದಲು ಕಡಿಯುವುದು, ಹೆಂಡತಿ ಹಿಂದೆ ಅದನ್ನು ಬಳಿದು ಜಾರುಬಂಡಿಗೆ ತುಂಬಿ, ಹಗ್ಗಕ್ಕೆ ಹೆಗಲು ಕೊಟ್ಟು, ನಾಲ್ಕು ಕಾಲಲ್ಲಿ ತೆವಳುತ್ತಾ ಮೇಲಕ್ಕೆ ಎಳೆಯುವುದು. ಹೊರಗೆ ಅಕ್ಕಿಗಾಗಿ ಗಲಭೆಯೆದ್ದ ವರ್ಷವೂ ನಾವು ಹೀಗೆಯೇ ತೆವಳುತ್ತಿದ್ದೆವು. ಬಿಲದೊಳಗೆ ಗಂಡ ಹೆಂಡತಿ ಎಂಬ ಮಾನಮರ್ಯಾದೆ ಇರಲಿಲ್ಲ, ಬೆವರು ಇಬ್ಬರದೂ ಒಂದೇ ಬಣ್ಣ.

ಅಲ್ಲಿ ನಮ್ಮ ಜೊತೆಗೆ ಬಾಳುತ್ತಿದ್ದದ್ದು ಬಾಚಣಿಗೆ ಜೇಡ. ಅಂಗೈಯಗಲ, ಗಂಜಿಯ ಬಣ್ಣ, ಕಣ್ಣಿದ್ದೂ ಕುರುಡು. ಬಲೆ ನೇಯುವುದಿಲ್ಲ. ಆಸರೆಗಂಬಕ್ಕೂ ಬಂಡೆಗೂ ನಡುವಿನ ಸಂದಿಯಲ್ಲಿ ಕಾಲು ಮಡಚಿ ಕೂತಿರುತ್ತದೆ. ಬಂಡೆ ಕೂದಲಷ್ಟು ಅಲುಗಿದರೂ ನಮಗಿಂತ ಮೊದಲು ಅದಕ್ಕೆ ಗೊತ್ತು. ಆಗ ಹೆದರಿ ಸದ್ದು ಮಾಡುತ್ತದೆ. ಬಾಯಿಂದಲ್ಲ. ಚಿಕ್ಕವಳಿದ್ದಾಗ ಒಂದನ್ನು ಹಿಡಿದು ದೀಪದ ಕೆಳಗೆ ತಿರುವಿ ನೋಡಿದ್ದೇನೆ. ಕಚ್ಚುವ ಕೊಂಡಿಯ ಹೊರಮೈಯಲ್ಲಿ ಒಂದು ಸಾಲು ಕರಿ ಹಲ್ಲು, ಥೇಟ್ ಬಾಚಣಿಗೆ. ಮುಂಗಾಲಿನ ಒಳಮಗ್ಗುಲಲ್ಲಿ ಮೊಂಡು ಮುಳ್ಳುಗಳು. ಕಾಲನ್ನು ಒಳಕ್ಕೆ ಎಳೆದುಕೊಂಡಾಗ ಮುಳ್ಳು ಹಲ್ಲಿಗೆ ಸಿಕ್ಕಿ ಕಿರ್ರ್ ಎನ್ನುತ್ತದೆ. ಹಲ್ಲೆಲ್ಲ ಒಂದೇ ಕಡೆಗೆ ಬಾಗಿರುವುದರಿಂದ ಕಾಲು ವಾಪಸು ಹೋಗುವಾಗ ಸದ್ದಿಲ್ಲ. ಕಿರ್ರ್, ಮೌನ. ಕಿರ್ರ್, ಮೌನ. ಇದನ್ನು ನೆನಪಿನಲ್ಲಿಟ್ಟುಕೊಳ್ಳಿ.

ನಮ್ಮವರ ನಂಬಿಕೆ ಏನೆಂದರೆ, ಗಣಿಯಲ್ಲಿ ಸತ್ತವನ ತಲೆಯನ್ನು ಈ ಜೇಡ ಬಾಚುತ್ತದೆ. ಧೂಳು ಮೆತ್ತಿದ ಕೂದಲಲ್ಲಿ ಮೇಲಕ್ಕೆ ಹೋದರೆ ಹಿರಿಯರು ಗುರುತು ಹಿಡಿಯುವುದಿಲ್ಲವಂತೆ. ಆದ್ದರಿಂದ ಕಲ್ಲು ಕುಸಿದಾಗ ಮೊದಲು ಎಲ್ಲರೂ ಉಸಿರು ಬಿಗಿಹಿಡಿದು ಕಿವಿ ಕೊಡಬೇಕು. ಕಲ್ಲಿನ ಆಚೆ ಬಾಚುವ ಸದ್ದು ಬಂತೋ, ಒಳಗಿನವನು ಸತ್ತ ಎಂದು ಅರ್ಥ. ಬಾಚಿ ಮುಗಿಯುವವರೆಗೆ ಯಾರೂ ಕಲ್ಲು ಮುಟ್ಟಬಾರದು. ನಡುವೆ ಕೈ ಹಾಕಿದರೆ ಅರ್ಧ ಬಾಚಿದ ತಲೆಯ ದೆವ್ವವಾಗಿ ಅವನು ಅಲ್ಲೇ ಉಳಿಯುತ್ತಾನೆ, ಜೊತೆಗೆ ಇನ್ನೊಬ್ಬರನ್ನು ಕರೆದುಕೊಳ್ಳುತ್ತಾನೆ.

ಇದು ಬರೀ ಗೊಡ್ಡು ಮಾತು ಎಂದು ನಾನು ಹೇಳುವುದಿಲ್ಲ. ಜೇಡ ಸದ್ದು ಮಾಡುತ್ತಿದೆ ಎಂದರೆ ಬಂಡೆ ಇನ್ನೂ ಜರುಗುತ್ತಿದೆ. ಆಗ ಅಗೆಯಲು ಹೋದವನ ತಲೆಯ ಮೇಲೆ ಮತ್ತೊಂದು ಬೀಳುತ್ತದೆ. ನಮ್ಮ ಬಿಲದ ಹಿರಿಯ ಕುಮಹಾಚಿ ತಾತನ ಮಗ ಹೋದದ್ದು ಹಾಗೆಯೇ. ಸದ್ದು ನಿಲ್ಲುವ ಮೊದಲು ಗೆಳೆಯನನ್ನು ಎಳೆಯಲು ನುಗ್ಗಿದ, ಇಬ್ಬರೂ ಹೋದರು. ಅಂದಿನಿಂದ ತಾತನೇ ನಮ್ಮ ಬಿಲದ ಕಿವಿ. ಅವನು ಕಲ್ಲಿಗೆ ಕಿವಿಯಿಟ್ಟು ಏನು ಹೇಳಿದರೆ ಅದು. ಎಷ್ಟೋ ಜನರ ಜೀವ ಅವನ ಕಿವಿಯಿಂದ ಉಳಿದಿದೆ, ನನ್ನದೂ ಸೇರಿ. ಅದನ್ನೂ ಹೇಳದಿದ್ದರೆ ತಪ್ಪಾಗುತ್ತದೆ.

ಯಸೋಕಿಚಿ ನನ್ನ ತಂಗಿ ಇಸೊಳ ಗಂಡ. ತೆಳ್ಳನೆಯ ಆಳು, ಬಾಯಿ ಮಾತ್ರ ದೊಡ್ಡದು. ಮದುವೆಯಾದ ಹೊಸತರಲ್ಲಿ ನೋಗಾತಾ ಸಂತೆಯಿಂದ ಅವಳಿಗೊಂದು ಮರದ ಬಾಚಣಿಗೆ ತಂದುಕೊಟ್ಟಿದ್ದ, ಜೇನಿನ ಬಣ್ಣದ್ದು. ಬಾಚಣಿಗೆ ಕೊಡುವುದು ಅಪಶಕುನ ಎಂದು ಅವನ ತಾಯಿ ಎಷ್ಟು ಬಡಿದುಕೊಂಡರೂ ಕೇಳಲಿಲ್ಲ. ಇಸೊ ಅದನ್ನು ಬಟ್ಟೆಯಲ್ಲಿ ಸುತ್ತಿ ಪೆಟ್ಟಿಗೆಯಲ್ಲಿಟ್ಟಿದ್ದಳು, ಗಣಿಗೆ ಮುಡಿದು ಬಂದರೆ ಹಲ್ಲು ಮುರಿದೀತೆಂದು. ಈ ಕಳ್ಳ ಅದನ್ನು ಅವಳಿಗೆ ತಿಳಿಯದಂತೆ ಸೊಂಟದ ತಂಬಾಕಿನ ಚೀಲದಲ್ಲಿಟ್ಟುಕೊಂಡು ಬರುತ್ತಿದ್ದ. ಯಾಕೆ ಗೊತ್ತೇ? ಹೆಂಗಸರನ್ನು ಹೆದರಿಸಲು. ನಾವು ಜಾರುಬಂಡಿ ಎಳೆದುಕೊಂಡು ಬರುವಾಗ ಕತ್ತಲಲ್ಲಿ ಅಡಗಿ ಬಾಚಣಿಗೆಯನ್ನು ಕಲ್ಲಿಗೆ ಉಜ್ಜುತ್ತಿದ್ದ.

“ನುಯಿ ಅಕ್ಕಾ, ತಲೆ ಬಗ್ಗಿಸು, ಬಾಚೋಕೆ ಬಂದಿದೀನಿ!”

“ನಿನ್ನ ಬಾಯಿಗೆ ಇದ್ದಲು ತುಂಬ! ಹೆದರಿ ಹಗ್ಗ ಬಿಟ್ಟಿದ್ರೆ ಬಂಡಿ ನಿನ್ನ ಮೇಲೇ ಬರ್ತಿತ್ತು. ಅದೂ ಅಲ್ದೆ ಜೇಡ ಹಿಂಗೆ ಕೆರೆಯುತ್ತೇನೋ ಪೆದ್ದ? ಅದು ಎಳೆದಾಗ ಮಾತ್ರ ಕಿರ್ರ್ ಅನ್ನುತ್ತೆ, ಬಿಟ್ಟಾಗ ಸುಮ್ನಿರುತ್ತೆ. ನೀನು ಹೋಗ್ತಾನೂ ಬರ್ತಾನೂ ಕೆರೀತೀಯ.”

“ನಂದು ಎರಡು ಪಟ್ಟು ಭಯ ಅಕ್ಕಾ. ಅದೇ ಕೂಲಿಗೆ ಎರಡು ಪಟ್ಟು ಕೆಲಸ.”

ಒಮ್ಮೆ ಕುಮಹಾಚಿ ತಾತನ ಕೈಗೂ ಸಿಕ್ಕಿಬಿದ್ದ. ತಾತ ಅವನ ಕಿವಿ ಹಿಂಡಿದ.

“ಲೋ ಯಸೋ, ಅದು ಆಟದ ಸಾಮಾನಲ್ಲ. ಬಾಚಣಿಗೆ ಜೊತೆ ಆಡಿದವನನ್ನ ಬಾಚಣಿಗೇನೇ ಕರ್ಕೊಂಡು ಹೋಗುತ್ತೆ.”

“ನಿನ್ನ ತಲೆಯಲ್ಲಿ ಒಂದು ಕೂದಲೂ ಇಲ್ಲ ತಾತ, ನಿಂಗ್ಯಾಕೆ ಬಾಚಣಿಗೆ ಭಯ?”

ಎಲ್ಲರೂ ನಕ್ಕರು. ತಾತನೂ ಬೋಳುತಲೆ ಸವರಿಕೊಂಡು ನಕ್ಕ.

ಬಾರ್ಲಿ ಕೊಯ್ಲಿನ ದಿನಗಳು. ಇಸೊ ಹೆಣ್ಣುಮಗು ಹೆತ್ತಿದ್ದಳು. ಹೆತ್ತ ಮನೆಯ ಗಂಡಸು ಬಿಲಕ್ಕಿಳಿಯಬಾರದ ಮೈಲಿಗೆಯ ದಿನಗಳು ಕಳೆದು ಯಸೋಕಿಚಿ ಮತ್ತೆ ಕೆಲಸಕ್ಕೆ ಬಂದಿದ್ದ. ಬಂಡಿ ಎಳೆಯಲು ಹೆಂಡತಿ ಇಲ್ಲ. ನನ್ನ ಗಂಡ ತೊರಾಜೊ ಆಗ ಮೇಲಿನ ದಾರಿಯಲ್ಲಿ ಕಂಬ ಬದಲಿಸುವ ಕೆಲಸದಲ್ಲಿದ್ದ. ಹಾಗಾಗಿ ಯಸೋಕಿಚಿಯ ಬಂಡಿ ನಾನು ಎಳೆದೆ.

ಬೆಳಿಗ್ಗೆಯಿಂದ ಒಂದೇ ಸಮನೆ ಮಗಳ ಪುರಾಣ. ಮಗಳ ಮೂಗು ಹೀಗೆ, ಮಗಳ ಕಿವಿ ಹಾಗೆ. ಕೊನೆಗೆ ನಾನೇ ರೇಗಿದೆ.

“ಪ್ರಪಂಚದಲ್ಲಿ ಇನ್ಯಾರೂ ಹೆತ್ತೇ ಇಲ್ವಾ? ಕಡಿ, ಕಡಿ. ಬಂಡಿ ಅರ್ಧ ಖಾಲಿ ಇದೆ.”

“ಅಕ್ಕಾ, ತಲೆ ತುಂಬಾ ಕೂದ್ಲು ಕಣೆ ಅವಳಿಗೆ. ಹುಟ್ಟುವಾಗ್ಲೇ.”

ಅದೇ ಅವನು ನನ್ನೊಡನೆ ಆಡಿದ ಕೊನೆಯ ಮಾತು. ನಾನು ತುಂಬಿದ ಬಂಡಿ ಎಳೆದುಕೊಂಡು ನೀರುಗುಂಡಿಯ ತಿರುವಿನವರೆಗೆ ಬಂದಿದ್ದೆ. ಹಿಂದಿನಿಂದ ಗಾಳಿ ಬಂದು ಬೆನ್ನಿಗೆ ಗುದ್ದಿತು. ದೀಪ ಆರಿತು. ಆಮೇಲೆ ಸದ್ದು. ಸದ್ದಲ್ಲ ಅದು, ಹಲ್ಲುಗಳೆಲ್ಲ ಕಳಚಿದ ಹಾಗಾಯಿತು. ಬಾಯಿ ತುಂಬ ಧೂಳು. ಕತ್ತಲಲ್ಲಿ ತಡಕಾಡುತ್ತಾ ವಾಪಸು ಹೋದೆ. ನಾನು ಬಂದ ದಾರಿಯೇ ಇರಲಿಲ್ಲ, ಕಲ್ಲಿನ ಗೋಡೆ ಇತ್ತು.

ಒಂದು ಮಾತು ನನಗೆ ಗೊತ್ತಿತ್ತು. ಅವನು ಕಡಿಯುತ್ತಿದ್ದದ್ದು ದಾರಿಯ ನೇರಕ್ಕಲ್ಲ, ಎಡಗಡೆಯ ಗೂಡಿನಲ್ಲಿ. ಆ ಗೂಡಿನ ಮೇಲಿನದು ಒಂದೇ ಗಟ್ಟಿ ಬಂಡೆ. ಬಿದ್ದದ್ದು ದಾರಿಯ ಮೇಲಿನ ಸಡಿಲು ಕಲ್ಲು. ಗೂಡಿನ ಬಾಯಿ ಮುಚ್ಚಿರಬಹುದು, ಗೂಡು ನಿಂತಿರುತ್ತದೆ. ನಾನು ಬಾಯಿ ಬಡಿದುಕೊಂಡು ಕೂಗಿದೆ. ತೊರಾಜೊ ಓಡಿ ಬಂದ, ಉಳಿದ ಗಂಡಸರು ಪಿಕಾಸಿ, ಸಬ್ಬಲ್ಲು ಹಿಡಿದು ಬಂದರು, ಕೊನೆಗೆ ಕುಮಹಾಚಿ ತಾತ.

“ಎಲ್ಲ ಸುಮ್ನಿರಿ,” ಎಂದ ತಾತ. ಧೂಳಿನ ಮೇಲೆ ಮಂಡಿಯೂರಿ ಬಂಡೆಗೆ ಕಿವಿಯಿಟ್ಟ. ನಾವೆಲ್ಲ ಉಸಿರು ಬಿಗಿಹಿಡಿದೆವು. ಗೋಡೆಯೊಳಗಿಂದ, ತುಂಬ ಒಳಗಿಂದ, ಬಂತು.

ಕಿರ್ರ್-ಕರ್ರ್. ಕಿರ್ರ್-ಕರ್ರ್.

ತಾತ ಮೆಲ್ಲನೆ ಕಿವಿ ತೆಗೆದ. ತಲೆಗೆ ಕಟ್ಟಿದ್ದ ಬಟ್ಟೆ ಬಿಚ್ಚಿ ಕೈಯಲ್ಲಿ ಹಿಡಿದುಕೊಂಡ. ಅಷ್ಟೇ ಸಾಕಾಗಿತ್ತು. ಗಂಡಸರು ಒಬ್ಬೊಬ್ಬರಾಗಿ ಪಿಕಾಸಿ ಕೆಳಗಿಟ್ಟರು. ಯಾರೋ ಊದುಬತ್ತಿ ತರಲು ಮೇಲಕ್ಕೆ ಹೋದರು.

“ಬಾಚ್ತಾ ಇದೆ,” ಎಂದ ತಾತ. “ಪಾಪ, ಒಳ್ಳೆ ಹುಡುಗ. ಮುಗಿಯೋವರೆಗೆ ಕಾಯೋಣ.”

“ಏನು ಕಾಯೋದು?” ನಾನು ಕಿರುಚಿದೆ. “ತಾತ, ನಿನ್ನ ಕಿವಿಗೇನಾಗಿದೆ? ಸರಿಯಾಗಿ ಕೇಳು. ಹೋಗ್ತಾನೂ ಬರ್ತಾನೂ ಕೆರೀತಿದೆ. ಜೇಡ ಹಂಗೆ ಕೆರೆಯಲ್ಲ. ಅದು ಯಸೋ! ಇಸೊ ಬಾಚಣಿಗೆ ಅವನ ಚೀಲದಲ್ಲಿದೆ, ಅದನ್ನ ಕಲ್ಲಿಗೆ ಉಜ್ತಾ ಇದಾನೆ!”

“ಬದುಕಿದ್ರೆ ಪಿಕಾಸಿಯಿಂದ ಕುಟ್ತಿದ್ದ,” ಎಂದ ಯಾರೋ ಹಿಂದಿನಿಂದ. “ಕೂಗ್ತಿದ್ದ. ಇಂಥ ಹೊತ್ತಲ್ಲೂ ಯಾರಾದ್ರೂ ತಮಾಷೆ ಮಾಡ್ತಾರಾ?”

“ಕೈ ಸಿಕ್ಕಿಕೊಂಡಿರಬಹುದು, ಬಾಯಲ್ಲಿ ಧೂಳು ತುಂಬಿರಬಹುದು! ಯಸೋ! ಏ ಯಸೋ! ನಾನು ನುಯಿ!”

ಸದ್ದು ಜೋರಾಯಿತು. ಕಿರ್ರ್-ಕರ್ರ್-ಕಿರ್ರ್-ಕರ್ರ್, ಬಿಡುವಿಲ್ಲದೆ. ಕೇಳಿದಿರಾ, ಕೇಳಿದಿರಾ ಎಂದು ಎಲ್ಲರ ಮುಖ ನೋಡಿದೆ. ಅವರ ಮುಖದಲ್ಲಿ ಭಯ ಹೆಚ್ಚಾಗಿತ್ತು, ಅಷ್ಟೆ.

“ಅವನ ಹೆಸರು ಕೂಗಬೇಡ,” ಎಂದ ತಾತ. “ಸತ್ತವನು ಅವಸರ ಮಾಡ್ತಾನೆ. ಮೇಲೆ ಬರೋಕೆ ಆತುರ. ನನ್ನ ಮಗನೂ ಹಿಂಗೇ ಗೆಳೆಯನ ಹೆಸರು ಕೂಗ್ತಾ ಹೋದ. ಆಗ್ಲೂ ಸದ್ದು ಜೋರಾಯ್ತು. ನಾನು ನನ್ನ ಕಿವಿಯಾರೆ ಕೇಳಿದೀನಿ.”

ನಾನು ಮಾತು ಬಿಟ್ಟು ಕಲ್ಲಿಗೆ ಕೈ ಹಾಕಿದೆ. ಬರಿಗೈಯಲ್ಲಿ. ಒಂದು, ಇನ್ನೊಂದು, ಎತ್ತಿ ಹಿಂದಕ್ಕೆ ಎಸೆದೆ. ಮೇಲಿನಿಂದ ಪುಡಿ ಉದುರಿತು. ತೊರಾಜೊ ಹಿಂದಿನಿಂದ ನನ್ನ ಸೊಂಟ ಹಿಡಿದು ಎಳೆದ.

“ಬಿಡು ನನ್ನ!”

“ಬಿಡಲ್ಲ. ಅವನು ಹೋಗಿಯಾಯ್ತು ಕಣೆ, ನಿನ್ನನ್ನೂ ಕಳ್ಕೊಳ್ಳಲಾ? ಹಾಳಾದವಳೇ, ನಿನ್ನನ್ನೂ ಕಳ್ಕೊಳ್ಳಲಾ?”

ಅವನ ಕೈ ಕಚ್ಚಿದೆ. ಹಲ್ಲು ಮೂಳೆಗೆ ತಾಗಿತು. ಆದರೂ ಬಿಡಲಿಲ್ಲ. ಅಳುತ್ತಿದ್ದ. ಅವನು ಒಳ್ಳೆಯ ಗಂಡ, ಆಮೇಲೂ ಸಾಯುವವರೆಗೆ ಒಳ್ಳೆಯವನಾಗಿಯೇ ಇದ್ದ. ಆ ಕೈಯಲ್ಲಿ ನನ್ನ ಹಲ್ಲಿನ ಗುರುತೂ ಸಾಯುವವರೆಗೆ ಇತ್ತು. ಒಂದೇ ಹಾಸಿಗೆಯಲ್ಲಿ ಮಲಗಿ ಆ ಗುರುತನ್ನು ನೋಡುತ್ತಿದ್ದೆ. ಅವನನ್ನು ಕ್ಷಮಿಸಿದೆನೋ ಇಲ್ಲವೋ ನನಗೇ ತಿಳಿಯದು.

ಊದುಬತ್ತಿ ಬಂತು. ಹಚ್ಚಿದರು. ಎಲ್ಲರೂ ಬಿಲದ ಗೋಡೆಗೆ ಒರಗಿ ಸಾಲಾಗಿ ಕೂತರು, ಮದುವೆ ಮನೆಯಲ್ಲಿ ಊಟಕ್ಕೆ ಕಾಯುವವರ ಹಾಗೆ. ಥೂ! ಒಳಗೆ ಮನುಷ್ಯ ಕೆರೆಯುತ್ತಿದ್ದಾನೆ, ಹೊರಗೆ ಇವರು ಅವನು ನಿಲ್ಲಿಸುವುದನ್ನೇ ಕಾಯುತ್ತಿದ್ದಾರೆ.

ಹೊತ್ತು ಹೋದಂತೆ ಸದ್ದು ಬದಲಾಯಿತು. ಮೊದಲಿನ ಗರಗರ ಇಲ್ಲ. ಮೆತ್ತಗಾಗಿತ್ತು, ನಡುನಡುವೆ ಜಾರಿದ ಹಾಗೆ.

“ನೋಡಿ,” ಎಂದ ತಾತ, ಸಮಾಧಾನ ಹೇಳುವವನಂತೆ. “ಸಿಕ್ಕು ಬಿಡ್ತಾ ಇದೆ. ಕೂದ್ಲು ನಯ ಆಗ್ತಾ ಇದೆ. ಇನ್ನು ಹೆಚ್ಚು ಹೊತ್ತಿಲ್ಲ.”

ಆಗ ನಾನು ಅವನ ಕಾಲು ಹಿಡಿದೆ. ಹೌದು, ಹಿಡಿದೆ. ನಾನು ಯಾರ ಕಾಲೂ ಹಿಡಿದವಳಲ್ಲ.

“ತಾತ, ನಿನ್ನ ಮಗನ ಮೇಲಾಣೆ. ಬಾಚಣಿಗೆ ಅವನ ಹತ್ರ ಇದೆ ಅಂತ ಗೊತ್ತಾದ್ರೆ ಅಗೀತೀಯಾ?”

ಮಗನ ಹೆಸರು ಎತ್ತಿದ್ದು ಅವನಿಗೆ ಚುಚ್ಚಿತ್ತು.

“ಇಸೊ ಮನೆಯಲ್ಲಿ ಬಾಚಣಿಗೆ ಇದ್ರೆ ಇದು ಜೇಡ. ಇಲ್ದಿದ್ರೆ ಮೊದಲ ಕಲ್ಲು ನಾನೇ ಎತ್ತುತೀನಿ. ಹೋಗಿ ನೋಡ್ಕೊಂಡು ಬಾ. ಬೇರೆ ಯಾರಾದ್ರೂ ಹೋದ್ರೆ ನೀನು ನಂಬಲ್ಲ.”

ನಾನು ಓಡಿದೆ. ಓಡುವುದೆಂದರೇನು, ಆ ಬಿಲದಲ್ಲಿ ತೆವಳಿದೆ, ಏರು ದಾರಿಯಲ್ಲಿ ಕೈಕಾಲು ಊರಿ ಹತ್ತಿದೆ, ತಲೆ ಚಾವಣಿಗೆ ಬಡಿದು ರಕ್ತ ಕಣ್ಣಿಗೆ ಇಳಿಯಿತು. ನೀರುಗುಂಡಿ, ಬಾಗಿದ ಕಂಬ, ಗಾಳಿಕಿಂಡಿ, ಆಮೇಲೆ ಬಿಲದ ಬಾಯಿ. ಹೊರಗಿನ ಬಿಸಿಲಿಗೆ ಕಣ್ಣು ಕತ್ತಲಿಟ್ಟಿತು. ಗಣಿಯವರ ಸಾಲುಮನೆಯವರೆಗೆ ಎದ್ದುಬಿದ್ದು ಓಡಿದೆ.

ಹೊಸ್ತಿಲಲ್ಲಿ ಯಸೋಕಿಚಿಯ ತಾಯಿ ಹಾತ್ಸು ಕೂಸಿನ ಬಟ್ಟೆ ಹಿಂಡುತ್ತಿದ್ದಳು. ನನ್ನನ್ನು ನೋಡಿದವಳೇ ಎದ್ದು ಬಾಗಿಲಿಗೆ ಎರಡೂ ಕೈ ಅಡ್ಡ ಇಟ್ಟಳು. ಗಣಿಯ ಹೆಂಗಸು, ಅವಳಿಗೆ ಹೇಳಿಕೊಡಬೇಕಾಗಿರಲಿಲ್ಲ.

“ಯಾರು?” ಎಂದಳು.

“ಅತ್ತೆ, ದಾರಿ ಬಿಡು. ಯಸೋ ಒಳಗೆ ಸಿಕ್ಕಿದಾನೆ. ಬದುಕಿದಾನೆ.”

“ಬಾಚ್ತಾ ಇದೆಯಾ?”

ನಾನು ಸುಳ್ಳು ಹೇಳಬಹುದಿತ್ತು. ನಾಲಿಗೆ ಹೊರಳಲಿಲ್ಲ. “ಸದ್ದು ಬರ್ತಿದೆ. ಆದ್ರೆ ಅದು ಜೇಡ ಅಲ್ಲ ಅತ್ತೆ, ಅವನೇ.”

ಹಾತ್ಸು ಅತ್ತೆಯ ಮುಖ ಹಿಂಡಿದ ಬಟ್ಟೆಯ ಹಾಗಾಯಿತು. ಆದರೆ ಕೈ ಬಾಗಿಲಿಂದ ಇಳಿಯಲಿಲ್ಲ. ಅವಳ ಗಂಡನನ್ನೂ ಹೀಗೆಯೇ ಬಾಚಿತ್ತು.

“ಹಂಗಾದ್ರೆ ಮುಗೀತು,” ಎಂದಳು ಪಿಸುದನಿಯಲ್ಲಿ. “ಇನ್ನು ಈ ಕೂಸನ್ನಾದ್ರೂ ಉಳಿಸ್ಕೋಬೇಕು. ಸಾವಿನ ಗಾಳಿ ಹೊತ್ಕೊಂಡು ಬಂದಿದೀಯ, ಒಳಗೆ ಕಾಲಿಡಬೇಡ. ಹೋಗಿ ಬಾವಿ ಹತ್ರ ಮೈ ತೊಳ್ಕೊ, ಮೈಲಿಗೆ ಹೋಗೋಕೆ ಉಪ್ಪು ಎರಚ್ತೀನಿ, ಬಟ್ಟೆ ಬದಲಿಸು. ಆಮೇಲೆ ಬಾ.”

“ಅಷ್ಟು ಹೊತ್ತಿಲ್ಲ! ನಿನ್ನ ಮಗ ಕಣೇ!”

“ಇಸೊಗೆ ಹೇಳಿದ್ರೆ ಹಾಲು ಬತ್ತುತ್ತೆ. ಹೇಳಿದ್ರೆ ನೋಡು, ನಿನ್ನ ನಾಲಿಗೆ ಕಿತ್ತುಹಾಕ್ತೀನಿ.” ಹೇಳುತ್ತಾ ಹೇಳುತ್ತಾ ಅವಳ ಗಲ್ಲದ ಮೇಲೆ ಕಣ್ಣೀರು ಧಾರೆಯಾಗಿ ಹರಿಯುತ್ತಿತ್ತು.

ನಾನು ಮನೆಯ ಪಕ್ಕಕ್ಕೆ ಓಡಿ ಹಲಗೆ ಗೋಡೆಗೆ ಬಾಯಿ ಹಚ್ಚಿದೆ. ದನಿಯನ್ನು ಆದಷ್ಟು ತಿಳಿಯಾಗಿಸಿಕೊಂಡೆ. “ಇಸೊ, ಎಚ್ಚರ ಇದೀಯಾ?”

“ಅಕ್ಕಾ? ಇದೇನು ಗೋಡೆ ಹತ್ರ ನಿಂತು? ಅತ್ತೆ ಒಳಗೆ ಬಿಡ್ಲಿಲ್ವಾ?” ಇಸೊ ನಕ್ಕಳು. “ಈಗ ಮಲಗಿಸಿದೀನಿ ಇವಳನ್ನ. ಮೆಲ್ಲಗೆ ಮಾತಾಡು.”

“ನಿನ್ನ ಬಾಚಣಿಗೆ ಪೆಟ್ಟಿಗೇಲಿದೆಯಾ ನೋಡು. ಬೇಗ.”

“ಬಾಚಣಿಗೆನಾ? ಯಾಕೆ?”

“ನೋಡೇ ಅಂದ್ರೆ!”

ಪೆಟ್ಟಿಗೆಯ ಮುಚ್ಚಳ ಕಿರುಗುಟ್ಟಿತು. ಬಟ್ಟೆ ಸರಿಸುವ ಸದ್ದು. ನನ್ನ ಹಣೆ ಹಲಗೆಗೆ ಒತ್ತಿಕೊಂಡಿತ್ತು. ಜೀವನದಲ್ಲಿ ಯಾವ ದೇವರಿಗೂ ಅಷ್ಟು ಬೇಡಿಕೊಂಡಿಲ್ಲ, ಇರಬಾರದು, ಇರಬಾರದು ಎಂದು.

“ಸುತ್ತಿದ್ದ ಬಟ್ಟೆ ಇದೆ, ಬಾಚಣಿಗೆ ಇಲ್ಲ,” ಎಂದಳು ಇಸೊ. “ಆ ಕಳ್ಳ ಮತ್ತೆ ಎತ್ಕೊಂಡು ಹೋಗಿದಾನೆ! ಎಷ್ಟು ಸಲ ಹೇಳಿದೀನಿ. ಅಕ್ಕಾ, ಅವನಿಗೆ ಹೇಳು, ಒಂದೇ ಒಂದು ಹಲ್ಲು ಮುರಿದಿದ್ರೂ ಮನೆಗೆ ಬರೋದು ಬೇಡ ಅಂತ.”

“ಹೇಳ್ತೀನಿ,” ಎಂದೆ.

ನಾನು ನಗುತ್ತಾ ಓಡಿದೆ. ನಿಜ ಹೇಳುತ್ತೇನೆ, ಗುಡ್ಡದ ದಾರಿಯಲ್ಲಿ ನಗುತ್ತಾ, ಅಳುತ್ತಾ ಓಡಿದೆ. ಗೆದ್ದೆ ಎಂದುಕೊಂಡೆ. ಅವನು ಹೊರಗೆ ಬಂದ ಮೇಲೆ ಮೊದಲು ಎರಡು ಕೆನ್ನೆಗೂ ಬಾರಿಸಬೇಕು, ಆಮೇಲೆ ಇಸೊ ಹೇಳಿದ್ದನ್ನು ಹೇಳಬೇಕು ಎಂದುಕೊಂಡೆ. ಬಿಲಕ್ಕೆ ಜಾರಿದೆ. ಗಾಳಿಕಿಂಡಿ, ಬಾಗಿದ ಕಂಬ. ನೀರುಗುಂಡಿಯ ಹತ್ತಿರ ಬರುವಾಗ ಕೆಳಗಿನಿಂದ ಪಿಕಾಸಿಯ ಸದ್ದು ಕೇಳಿಸಿತು. ಠಣ್, ಠಣ್. ಅಯ್ಯೋ, ತಾತನಿಗೆ ಬುದ್ಧಿ ಬಂತು, ನಾನು ಬರುವ ಮೊದಲೇ ಶುರುಮಾಡಿದ್ದಾನೆ ಎಂದು ಕೈ ಮುಗಿದೆ.

“ಬಾಚಣಿಗೆ ಇಲ್ಲ! ಮನೇಲಿಲ್ಲ! ಅವನ ಹತ್ರಾನೇ ಇದೆ!” ಕೂಗುತ್ತಾ ಇಳಿದೆ.

ಪಿಕಾಸಿಗಳು ನಿಂತವು. ಎಲ್ಲರೂ ತಿರುಗಿ ನೋಡಿದರು. ತೊರಾಜೊ ಬಟ್ಟೆ ಸುತ್ತಿದ ಕೈಯಲ್ಲಿ ಕಲ್ಲೊಂದನ್ನು ಹಿಡಿದು ನಿಂತಿದ್ದ. ನನ್ನ ಮುಖ ನೋಡಲಾರದೆ ತಲೆ ತಗ್ಗಿಸಿದ.

“ಬಾಚಿ ಮುಗೀತು ನುಯಿ,” ಎಂದ ತಾತ. “ಆಗ್ಲೇ ನಿಂತುಹೋಯ್ತು. ಅದಕ್ಕೇ ತೆಗೀತಾ ಇದೀವಿ.”

ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ ಎನ್ನುತ್ತಾರಲ್ಲ. ನಾನು ಅವರ ನಡುವೆ ನುಗ್ಗಿ ಕಲ್ಲು ಎತ್ತತೊಡಗಿದೆ. ಈ ಸಲ ಯಾರೂ ಹಿಡಿಯಲಿಲ್ಲ. ಕಲ್ಲು ಹೆಚ್ಚು ದಪ್ಪವಿರಲಿಲ್ಲ. ಒಂದು ಹೊತ್ತಿನ ಅಕ್ಕಿ ಬೇಯುವಷ್ಟರಲ್ಲಿ ತೂತಾಯಿತು.

ಗೂಡು ಹಾಗೆಯೇ ನಿಂತಿತ್ತು. ಯಸೋಕಿಚಿಯ ಕಾಲುಗಳ ಮೇಲೂ ಬಲಗೈಯ ಮೇಲೂ ಬಂಡೆ ಕೂತಿತ್ತು, ಪಿಕಾಸಿ ಅದರಡಿ. ಬಾಯಿ ತುಂಬ ಕರಿ ಧೂಳು. ಎಡಗೈ ಮಾತ್ರ ಬಿಡುವಾಗಿತ್ತು, ಸೊಂಟದ ಚೀಲಕ್ಕೆ ಎಟುಕುವಷ್ಟು. ಚೀಲದ ಬಾಯಿ ಬಿಚ್ಚಿತ್ತು. ತಲೆಯ ತುಂಬ ಧೂಳು, ಕೂದಲು ಕೆದರಿ ನಿಂತಿತ್ತು. ಯಾರೂ ಬಾಚಿರಲಿಲ್ಲ. ದೀಪ ಹಿಡಿದು ಮೂಲೆಮೂಲೆ ನೋಡಿದೆವು, ಒಂದು ಜೇಡವೂ ಇರಲಿಲ್ಲ.

ಕುಮಹಾಚಿ ತಾತ ಅವನ ಅಂಗಿಯೊಳಗೆ ಕೈ ಹಾಕಿ ಕಂಕುಳು ಮುಟ್ಟಿದ. ಕೈ ತೆಗೆಯಲೇ ಇಲ್ಲ.

“ಬಿಸಿ ಇದೆ,” ಎಂದ. ಮತ್ತೆ, “ಇನ್ನೂ ಬಿಸಿ ಇದೆ,” ಎಂದ. ಅದನ್ನು ಬಿಟ್ಟು ಬೇರೆ ಮಾತು ಅವನ ಬಾಯಿಂದ ಹೊರಡಲಿಲ್ಲ.

ನಾನು ಯಸೋಕಿಚಿಯ ಎಡಗೈ ಬೆರಳುಗಳನ್ನು ಒಂದೊಂದಾಗಿ ಬಿಡಿಸಿದೆ. ಜೇನಿನ ಬಣ್ಣದ ಮರದ ತುಂಡು. ಬಾಚಣಿಗೆಯ ಬೆನ್ನು ಮಾತ್ರ. ಹಲ್ಲು ಒಂದೂ ಇರಲಿಲ್ಲ, ಬುಡದವರೆಗೆ ಸವೆದು ಹೋಗಿತ್ತು. ಹಲ್ಲು ಮುಗಿದ ಮೇಲೆ ಉಗುರಲ್ಲಿ ಕೆರೆದಿದ್ದ. ಉಗುರುಗಳೂ ಇರಲಿಲ್ಲ.

ಆಮೇಲೆ ನಮ್ಮವರು ಏನು ಕಲಿತರು ಗೊತ್ತೇ? ಸದ್ದು ಬಂದಾಗ ಕಾಯಬಾರದು ಎಂದು ಕಲಿತರು ಅಂದುಕೊಂಡಿರೇನು? ಇಲ್ಲ. ಬಿಲದೊಳಕ್ಕೆ ಯಾರೂ ಬಾಚಣಿಗೆ ತರಬಾರದು ಎಂದು ಕಟ್ಟಳೆ ಮಾಡಿದರು. ಹೆಂಗಸರ ಮುಡಿ ತಡಕಿ ನೋಡಿ ಇಳಿಸುತ್ತಿದ್ದರು. ಕಾಯುವುದು ಮಾತ್ರ ಹಾಗೆಯೇ ನಡೆಯಿತು. ಕುಮಹಾಚಿ ತಾತ ಇನ್ನೆಂದೂ ಕಲ್ಲಿಗೆ ಕಿವಿ ಇಡಲಿಲ್ಲ, ಬಿಲಕ್ಕೆ ಇಳಿಯಲೂ ಇಲ್ಲ. ಅವನ ಜಾಗಕ್ಕೆ ಇನ್ನೊಂದು ಕಿವಿ ಬಂತು. ಕೆಟ್ಟ ಮೇಲೆ ಬುದ್ಧಿ ಬಂತು ಎನ್ನುವ ಗಾದೆ ಕೂಡ ನಮ್ಮವರ ಪಾಲಿಗೆ ಸುಳ್ಳು.

ಆದರೆ ಅವತ್ತಿನ ಒಂದು ಕೆಲಸ ಬಾಕಿ ಇತ್ತು. ಗಣಿಯಲ್ಲಿ ಸತ್ತವನಿಗೆ ತಾನು ಸತ್ತದ್ದೂ ತಿಳಿಯದು, ದಾರಿಯೂ ತಿಳಿಯದು. ಹೆಣ ಹೊತ್ತವರು ಪ್ರತಿ ತಿರುವಿನಲ್ಲೂ ಹೆಸರು ಹಿಡಿದು ಕೂಗಿ, ಇಲ್ಲಿಗೆ ಬಂದೆವು, ಮೇಲೆ ಹತ್ತುತ್ತಿದ್ದೇವೆ ಎಂದು ಹೇಳುತ್ತಾ ಬರಬೇಕು. ಇಲ್ಲದಿದ್ದರೆ ಮೈ ಮಾತ್ರ ಹೊರಗೆ ಬಂದು ಅವನು ಒಳಗೇ ಉಳಿಯುತ್ತಾನೆ. ಕೂಗುವುದು ಹಿರಿಯನ ಕೆಲಸ. ಯಸೋಕಿಚಿಯನ್ನು ನಾನು ಎಳೆಯುತ್ತಿದ್ದ ಜಾರುಬಂಡಿಯಲ್ಲೇ ಮಲಗಿಸಿ ಹೊರಟರು. ನೀರುಗುಂಡಿಯ ತಿರುವು ಬಂತು. ಕುಮಹಾಚಿ ತಾತ ಬಾಯಿ ತೆರೆದ. ದನಿ ಹೊರಡಲಿಲ್ಲ. ಇನ್ನೊಮ್ಮೆ ತೆರೆದ. ಬಂಡಿ ನಿಂತಿತು.

ನಾನು ತೊರಾಜೊನ ಹೆಗಲಿನಿಂದ ಹಗ್ಗ ತೆಗೆದು ನನ್ನ ಹೆಗಲಿಗೆ ಹಾಕಿಕೊಂಡೆ.

“ಯಸೋ, ನೀರುಗುಂಡಿ ಬಂತು,” ಎಂದೆ. “ಹತ್ತುತಾ ಇದೀವಿ, ಬಾ.”

ಬಾಗಿದ ಕಂಬದ ಹತ್ತಿರ ಕೂಗಿದೆ. ಗಾಳಿಕಿಂಡಿಯ ಹತ್ತಿರ ಕೂಗಿದೆ. ಮುಂದೆ ಬೆಳಕು ಕಾಣಿಸತೊಡಗಿತು. ಬಿಲದ ಬಾಯಿಯ ಆಚೆ, ಬಿಸಿಲಿನಲ್ಲಿ, ಕೂಸನ್ನು ಎದೆಗೆ ಅವುಚಿಕೊಂಡು ಇಸೊ ನಿಂತಿದ್ದಳು. ಯಾರು ಹೇಳಿದರೋ. ಹಾತ್ಸು ಅತ್ತೆ ಅವಳ ತೋಳು ಹಿಡಿದು ತಡೆದಿದ್ದಳು. ಬಂಡಿ ಇದ್ದಕ್ಕಿದ್ದಂತೆ ಭಾರವಾದ ಹಾಗೆ ಅನಿಸಿತು, ಅವನು ಹಿಂದೆ ಸರಿಯುತ್ತಿದ್ದಾನೇನೋ, ಬರಲು ಹೆದರುತ್ತಿದ್ದಾನೇನೋ ಎನ್ನುವ ಹಾಗೆ. ನಾನು ಬಗ್ಗಿ ಅವನ ಕಿವಿಯ ಹತ್ತಿರ ಬಾಯಿ ತಂದೆ.

“ಯಸೋ, ಬಿಲದ ಬಾಯಿ ಬಂತು ಕಣೋ. ಇಸೊ ಏನೂ ಅನ್ನಲ್ಲ. ಹಲ್ಲು ಹೋದ್ರೆ ಹೋಗ್ಲಿ, ಮನೆಗೆ ಬಾ.”